ನಡುರಾತ್ರಿಗೆ ಅಳಿಸಿಹೋಗುವ ಅಕ್ಷರಗಳು

ಮಾಂತ್ರಿಕರ ಕಥೆ ಎಂದೊಡನೆ ಮಕ್ಕಳ ಕಣ್ಣೆದುರು ಮಂತ್ರದಂಡ, ಆಕಾಶದಲ್ಲಿ ಹಾರಾಟ, ಬೆಂಕಿಯುಗುಳುವ ಘಟಸರ್ಪಗಳು ಸುಳಿಯುತ್ತವೆ. ಹೆತ್ತವರ ಮನಸ್ಸಿನಲ್ಲಿ ಸುಳಿಯುವುದು ಬೇರೊಂದು ಪ್ರಶ್ನೆ: ಇಂತಹ ಕಥೆಗಳು ಮಕ್ಕಳನ್ನು ಮಾಟಮಂತ್ರಗಳತ್ತ ಸೆಳೆಯಲಾರವೇ? ಈ ಆತಂಕವನ್ನು ನಕ್ಕು ತಳ್ಳಿಹಾಕುವುದು ಸರಿಯಲ್ಲ. ಹಾಗೆಯೇ ಎಲ್ಲ ಮಾಂತ್ರಿಕ ಕಥೆಗಳನ್ನೂ ಒಂದೇ ತಕ್ಕಡಿಯಲ್ಲಿಟ್ಟು ತೂಗುವುದೂ ನ್ಯಾಯವಲ್ಲ. ಕಥೆಯೊಂದು ಮಂತ್ರಶಕ್ತಿಯನ್ನು ಯಾವುದಕ್ಕೆ ಬಳಸುತ್ತದೆ, ಆ ಶಕ್ತಿಗೆ ಎಂತಹ ಬೆಲೆ ಕಟ್ಟುತ್ತದೆ, ಅದನ್ನು ಯಾರ ಕೈಗೆ ಕೊಡುತ್ತದೆ ಎಂಬುದನ್ನು ನೋಡಿಯೇ ತೀರ್ಮಾನಕ್ಕೆ ಬರಬೇಕು.

ಹಾಗೆ ನೋಡಲು ಯೋಗ್ಯವಾದ ಒಂದು ಕೃತಿ ಅಮೆರಿಕದ ಲೇಖಕಿ ಅರ್ಸುಲಾ ಕೆ. ಲೆ ಗ್ವಿನ್ ಅವರ 'ಎ ವಿಝರ್ಡ್ ಆಫ್ ಅರ್ಥ್‌ಸೀ'. 1968ರಲ್ಲಿ ಪ್ರಕಟವಾದ ಈ ಕಾದಂಬರಿಯಲ್ಲಿ ಬಿರುಗಾಳಿ ಎಬ್ಬಿಸುವವರಿದ್ದಾರೆ, ರೂಪ ಬದಲಿಸುವವರಿದ್ದಾರೆ, ಸತ್ತವರನ್ನು ಕರೆಯಹೊರಡುವವರೂ ಇದ್ದಾರೆ. ಆದರೆ ಈ ಎಲ್ಲರ ವಿದ್ಯೆಗೂ ಬುನಾದಿಯನ್ನು ಹಾಕುವವನು ಒಬ್ಬ ಲಿಪಿಕಾರ. ಅವನ ಕೈಯಲ್ಲಿರುವುದು ಲೇಖನಿ, ಮುಂದಿರುವುದು ತೊಗಲಿನ ಹಾಳೆ. ಅವನು ದಿನವಿಡೀ ಹೆಸರುಗಳ ಪಟ್ಟಿಯನ್ನು ಬರೆಯುತ್ತಾನೆ. ನಡುರಾತ್ರಿಯಾಗುತ್ತಲೇ ಬರೆದ ಅಕ್ಷರಗಳೆಲ್ಲ ಮಾಸಿ, ಹಾಳೆ ಮತ್ತೆ ಬರಿದಾಗುತ್ತದೆ.

ಕಾದಂಬರಿಯಲ್ಲಿ ಈ ಲಿಪಿಕಾರನಿಗೆ ದಕ್ಕಿರುವುದು ಕೆಲವೇ ಪುಟಗಳು. ಆದರೂ ಇಡೀ ಕಥಾಮಾಲೆಯ ಕೀಲಿಕೈ ಈ ಪುಟಗಳಲ್ಲಿದೆ ಎಂಬುದನ್ನು ತೋರಿಸಲು ಈ ಲೇಖನದಲ್ಲಿ ಪ್ರಯತ್ನಿಸಲಾಗಿದೆ.

ಲೇಖಕಿ ಮತ್ತು ಅವರ ದ್ವೀಪಲೋಕ

ಲೆ ಗ್ವಿನ್ ಹುಟ್ಟಿದ್ದು 1929ರಲ್ಲಿ, ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿ. ನಿಧನರಾದದ್ದು 2018ರ ಜನವರಿಯಲ್ಲಿ, ಪೋರ್ಟ್‌ಲ್ಯಾಂಡ್ ನಗರದಲ್ಲಿ. ತಂದೆ ಆಲ್ಫ್ರೆಡ್ ಕ್ರೋಬರ್ ಹೆಸರಾಂತ ಮಾನವಶಾಸ್ತ್ರಜ್ಞರು, ತಾಯಿ ಥಿಯೊಡೋರಾ ಕ್ರೋಬರ್ ಲೇಖಕಿ. ಅರ್ಥ್‌ಸೀ ಎಂಬ ದ್ವೀಪಸಮೂಹದ ಕಲ್ಪನೆ ಲೆ ಗ್ವಿನ್ ಅವರಲ್ಲಿ ಮೊಳೆತದ್ದು 1964ರಲ್ಲಿ ಅಚ್ಚಾದ ಎರಡು ಸಣ್ಣ ಕಥೆಗಳ ಮೂಲಕ. ಹದಿಹರೆಯದವರಿಗಾಗಿ ಒಂದು ಪುಸ್ತಕ ಬರೆದುಕೊಡಿ ಎಂದು ಬರ್ಕ್ಲಿಯ ಒಂದು ಚಿಕ್ಕ ಪ್ರಕಾಶನ ಸಂಸ್ಥೆ ಕೇಳಿದಾಗ ಅವರು ಆ ದ್ವೀಪಗಳಿಗೆ ಮರಳಿದರು. ಮೊದಲ ಕಾದಂಬರಿಯ ಹಿಂದೆಯೇ 'ದ ಟೂಂಬ್ಸ್ ಆಫ್ ಅತುವಾನ್' (1971), 'ದ ಫಾರ್ದೆಸ್ಟ್ ಶೋರ್' (1972) ಬಂದವು. ಸುಮಾರು ಹದಿನೆಂಟು ವರ್ಷಗಳ ಮೌನದ ಬಳಿಕ 'ತೆಹಾನು' (1990) ಬಂದಿತು. 2001ರಲ್ಲಿ ಒಂದು ಕಥಾಸಂಕಲನ ಮತ್ತು 'ದಿ ಅದರ್ ವಿಂಡ್' ಎಂಬ ಕಾದಂಬರಿ ಪ್ರಕಟವಾದವು.

ಈ ಲೋಕದ ನಿಯಮ ಒಂದೇ: ಪ್ರತಿಯೊಂದಕ್ಕೂ ಒಂದು ನಿಜನಾಮವಿದೆ. ಕಲ್ಲಿಗೂ ಗಿಡುಗನಿಗೂ ಅಲೆಗೂ ಮನುಷ್ಯನಿಗೂ ಅವರವರ ಇರವನ್ನೇ ಹೇಳುವ ಒಂದು ಹೆಸರು ಆದಿನುಡಿಯಲ್ಲಿದೆ. ಆ ಹೆಸರನ್ನು ಬಲ್ಲವನ ಮಾತಿಗೆ ಆ ವಸ್ತು ಓಗೊಡುತ್ತದೆ. ಆದುದರಿಂದ ಅಲ್ಲಿನ ಜನ ತಮ್ಮ ನಿಜನಾಮವನ್ನು ಮುಚ್ಚಿಟ್ಟು, ದಿನಬಳಕೆಗೆ ಮತ್ತೊಂದು ಹೆಸರನ್ನು ಇಟ್ಟುಕೊಳ್ಳುತ್ತಾರೆ. ಪರಮ ವಿಶ್ವಾಸವುಳ್ಳವರಿಗೆ ಮಾತ್ರ ನಿಜನಾಮವನ್ನು ತಿಳಿಸುತ್ತಾರೆ. ಕಥಾನಾಯಕ ಗಾಂಟ್ ದ್ವೀಪದ ಹಳ್ಳಿಯೊಂದರ ಕಂಚುಗಾರನ ಮಗ, ತಾಯಿಯಿಲ್ಲದ ತಬ್ಬಲಿ. ಹದಿಮೂರನೆಯ ವಯಸ್ಸಿನಲ್ಲಿ ಅವನು ಹೊಳೆಯ ತಣ್ಣೀರನ್ನು ಹಾಯ್ದು ಬರುವಾಗ ಓಗಿಯನ್ ಎಂಬ ಹಿರಿಯ ಮಾಂತ್ರಿಕ ಅವನ ಕಿವಿಯಲ್ಲಿ ನಿಜನಾಮವನ್ನು ಉಸುರುತ್ತಾನೆ: ಗೆಡ್. ನೀರು, ಹೊಸ ಹೆಸರು, ಹೊಸ ಬದುಕಿನ ಆರಂಭ ಇವು ಒಂದಾಗುವ ಈ ಪ್ರಸಂಗವನ್ನು ಓದುವಾಗ ನಮ್ಮ ಓದುಗರಿಗೆ ದೀಕ್ಷಾಸ್ನಾನ ನೆನಪಾಗದಿರದು. ಆದರೆ ಲೆ ಗ್ವಿನ್ ಕ್ರೈಸ್ತ ಬರಹಗಾರ್ತಿಯಲ್ಲ. ಅವರ ಚಿಂತನೆಗೆ ಆಸರೆಯಾಗಿದ್ದುದು ಚೀನಾದ ತಾವೊ ಪರಂಪರೆ. 'ತಾವೊ ತೆ ಚಿಂಗ್' ಗ್ರಂಥಕ್ಕೆ ತಮ್ಮದೇ ಇಂಗ್ಲಿಷ್ ರೂಪವನ್ನು ಅವರು 1997ರಲ್ಲಿ ಪ್ರಕಟಿಸಿದರು. ಅವರ ಬರಹದಲ್ಲಿ ನಮ್ಮ ನಂಬಿಕೆಯ ಪ್ರತಿಬಿಂಬವನ್ನು ಹುಡುಕುವುದಕ್ಕಿಂತ ಅವರು ಹೇಳುತ್ತಿರುವುದನ್ನು ಕಿವಿಗೊಟ್ಟು ಕೇಳುವುದು ಒಳಿತು.

ಏಕಾಂತ ಗೋಪುರದ ಗುರು

ಗೆಡ್ ವಿದ್ಯೆ ಕಲಿಯಲು ರೋಕ್ ಎಂಬ ದ್ವೀಪದ ಶಾಲೆಗೆ ಹೋಗುತ್ತಾನೆ. ಅಲ್ಲಿ ಒಂಬತ್ತು ಮಂದಿ ಗುರುಗಳು. ಗಾಳಿಯ ವಿದ್ಯೆ, ಗಿಡಮೂಲಿಕೆಯ ವಿದ್ಯೆ, ಹಾಡಿನ ವಿದ್ಯೆ, ರೂಪಾಂತರದ ವಿದ್ಯೆ ಹೀಗೆ ಒಬ್ಬೊಬ್ಬರದು ಒಂದೊಂದು. ಇವರಲ್ಲಿ ನಾಮಗುರು ಶಾಲೆಯಲ್ಲಿ ವಾಸಿಸುವುದಿಲ್ಲ. ದ್ವೀಪದ ಉತ್ತರದ ತುತ್ತತುದಿಯಲ್ಲಿ, ಕಡಲಿಗೆ ಬಾಗಿದ ಬಂಡೆಗಳ ಮೇಲೆ ಒಂದು ಒಂಟಿ ಗೋಪುರವಿದೆ. ಸುತ್ತ ಹರದಾರಿಗಟ್ಟಲೆ ಒಂದು ಹೊಲವಿಲ್ಲ, ಒಂದು ಮನೆಯಿಲ್ಲ. ಅಲ್ಲಿ ಅವರು ಒಬ್ಬರೇ ಇರುತ್ತಾರೆ. ಅವರ ಹೆಸರು ಕುರ್ರೆಮ್‌ಕರ್ಮೆರುಕ್. ಯಾವ ಭಾಷೆಯಲ್ಲಿಯೂ ಅರ್ಥವಿಲ್ಲದ ಹೆಸರು ಅದು. ಜಗತ್ತಿನ ಎಲ್ಲ ಹೆಸರುಗಳ ಅರ್ಥವನ್ನು ಕಲಿಸುವವರಿಗೆ ಅರ್ಥವಿಲ್ಲದ ಹೆಸರು! ಲೇಖಕಿ ಇದನ್ನು ವಿವರಿಸಲು ಹೋಗುವುದಿಲ್ಲ, ಓದುಗರ ಯೋಚನೆಗೆ ಬಿಟ್ಟು ಮುಂದೆ ಸಾಗುತ್ತಾರೆ.

ಗೆಡ್ ಮತ್ತು ಇತರ ಏಳು ಹುಡುಗರು ಈ ಗೋಪುರದಲ್ಲಿ ಕಲಿಯುತ್ತಾರೆ. ಚಳಿ, ಅರೆಗತ್ತಲೆ, ಮೌನ. ಮೇಲಿನ ಕೋಣೆಯಲ್ಲಿ ಎತ್ತರದ ಆಸನದ ಮೇಲೆ ಕುಳಿತು ಗುರು ಬರೆಯುತ್ತಲೇ ಇರುತ್ತಾರೆ. ಕೇಳಿಸುವುದು ಲೇಖನಿಯ ಕೆರೆತ, ಆಗಾಗ ಯಾರೋ ಒಬ್ಬ ಹುಡುಗನ ನಿಟ್ಟುಸಿರು. ಎಲ್ಲಿಯೋ ಇರುವ ಒಂದು ಪುಟ್ಟ ದ್ವೀಪದ ದಂಡೆಯಲ್ಲಿರುವ ಪ್ರತಿಯೊಂದು ಚಾಚು, ಕೊಲ್ಲಿ, ಕಾಲುವೆ, ಬಂಡೆಗಳ ನಿಜನಾಮಗಳನ್ನು ಅಂದು ನಡುರಾತ್ರಿಯೊಳಗೆ ಕಲಿತು ಮುಗಿಸಬೇಕು, ಏಕೆಂದರೆ ಆ ಬಳಿಕ ಶಾಯಿ ಉಳಿಯುವುದಿಲ್ಲ. ಗೊಣಗಿದವನಿಗೆ ಸಮಾಧಾನದ ಮಾತಿಲ್ಲ. ಅವನ ಪಟ್ಟಿ ಇನ್ನಷ್ಟು ಉದ್ದವಾಗುತ್ತದೆ.

ನಾಮಗುರುವಿನ ಜೀವನಚರಿತ್ರೆಯನ್ನು ಲೇಖಕಿ ಬರೆದಿಲ್ಲ. ಅವರು ಎಲ್ಲಿಂದ ಬಂದರು, ಯಾರ ಮಗ, ಈ ಒಂಟಿತನವನ್ನು ಏಕೆ ಆರಿಸಿಕೊಂಡರು ಎಂಬುದಕ್ಕೆ ಈ ಕಾದಂಬರಿಯಲ್ಲಿ ಉತ್ತರವಿಲ್ಲ. ಅವರ ಬದುಕೆಂದರೆ ಅವರ ಕೆಲಸ. ಒಂದೇ ಒಂದು ವಸ್ತುವಿನ ಕಳೆದುಹೋದ ಹೆಸರನ್ನು ಹುಡುಕುವುದರಲ್ಲಿಯೇ ಇಡೀ ಆಯುಷ್ಯವನ್ನು ಸವೆಸಿದ ಮಹಾಮಾಂತ್ರಿಕರು ಎಷ್ಟೋ ಮಂದಿ, ಆದರೂ ಪಟ್ಟಿ ಮುಗಿದಿಲ್ಲ, ಲೋಕವಿರುವ ತನಕ ಮುಗಿಯುವುದೂ ಇಲ್ಲ ಎಂದು ಅವರು ಶಿಷ್ಯರಿಗೆ ತಿಳಿಸುತ್ತಾರೆ. ಮುಗಿಯದ ಕೆಲಸವೆಂದು ತಿಳಿದೂ ಅಂದಂದಿನ ಪಾಲನ್ನು ಅಂದಂದೇ ಮಾಡುವ ಈ ಮನುಷ್ಯನ ಮುಖದಲ್ಲಿ ಬೇಸರವಿಲ್ಲ, ಬಡಾಯಿಯೂ ಇಲ್ಲ.

ಶಾಯಿ ಅಳಿಸುವುದೇಕೆ?

ಮಂತ್ರಬಲವುಳ್ಳ ಗುರು ಅಳಿಯದ ಶಾಯಿಯಲ್ಲಿ ಬರೆಯಬಹುದಿತ್ತಲ್ಲ! ಒಮ್ಮೆ ಬರೆದಿಟ್ಟರೆ ನೂರು ವರ್ಷಗಳ ಶಿಷ್ಯರಿಗೆ ಸಾಕಾಗುತ್ತಿತ್ತು, ಅವರಿಗೂ ದುಡಿಮೆ ತಪ್ಪುತ್ತಿತ್ತು. ಹಾಗೆ ಮಾಡದಿರುವುದರಲ್ಲಿಯೇ ಈ ದೃಶ್ಯದ ತಿರುಳಿದೆ. ಹಾಳೆಯ ಮೇಲೆ ಭದ್ರವಾಗಿರುವ ಹೆಸರನ್ನು ನಾಳೆ ನೋಡಿಕೊಳ್ಳೋಣವೆಂದು ಬಿಡಬಹುದು. ಅಳಿಯುವ ಹೆಸರನ್ನು ಹಾಗೆ ಬಿಡುವಂತಿಲ್ಲ. ಅದು ಹಾಳೆಯಿಂದ ಎದೆಗೆ ಇಳಿಯಲೇಬೇಕು. ಬರಹವು ಅಲ್ಲಿ ಉಗ್ರಾಣವಲ್ಲ, ಒಬ್ಬ ಮನುಷ್ಯನಿಂದ ಇನ್ನೊಬ್ಬ ಮನುಷ್ಯನಿಗೆ ದಾಟುವ ಸೇತುವೆ. ದಾಟಿದ ಮೇಲೆ ಸೇತುವೆಯನ್ನು ಹೊತ್ತುಕೊಂಡು ತಿರುಗುವ ಅಗತ್ಯವಿಲ್ಲ.

ಇದು ಬರೀ ಉರು ಹೊಡೆಯುವ ವಿದ್ಯೆಯಲ್ಲವೇ ಎಂದು ಕೇಳಬಹುದು. ಮಗ್ಗಿಯನ್ನು ಬಾಯಿಪಾಠ ಮಾಡಿ ಲೆಕ್ಕ ಬಿಡಿಸಲು ತಡಕಾಡುವ ಮಕ್ಕಳನ್ನು ನಾವೆಲ್ಲ ಕಂಡವರು. ಈ ಆಕ್ಷೇಪಕ್ಕೆ ಕಾದಂಬರಿ ಮುಂಚಿತವಾಗಿಯೇ ಉತ್ತರ ಕೊಟ್ಟಿದೆ. ರೋಕ್‌ಗೆ ಬರುವ ಮೊದಲು ಗೆಡ್ ಓಗಿಯನ್ನನ ಜೊತೆ ಕಾಡುಮೇಡು ಅಲೆಯುವಾಗ ದಾರಿಯ ಒಂದು ಗಿಡವನ್ನು ತೋರಿಸಿ ಇದರಿಂದ ಏನು ಪ್ರಯೋಜನ ಎಂದು ಕೇಳುತ್ತಾನೆ. ಓಗಿಯನ್ ಉಪಯೋಗವನ್ನು ಹೇಳುವುದಿಲ್ಲ. ಬೇರು, ಎಲೆ, ಹೂವು, ಬೀಜ, ವಾಸನೆಗಳಿಂದ ಎಲ್ಲ ಋತುಗಳಲ್ಲಿಯೂ ಆ ಗಿಡವನ್ನು ಅರಿತ ಮೇಲೆ ಅದರ ನಿಜನಾಮವನ್ನು ಕಲಿಯಬಹುದು ಎನ್ನುತ್ತಾನೆ. ಒಂದು ವಸ್ತುವಿನ ಇರವು ಅದರ ಉಪಯೋಗಕ್ಕಿಂತ ದೊಡ್ಡದು ಎಂಬುದು ಅವನ ಮಾತಿನ ಸಾರ. ಓಗಿಯನ್ ಕಲಿಸುವುದು ಕಣ್ಣಿನ ಪಾಠ, ನಾಮಗುರು ಕಲಿಸುವುದು ನೆನಪಿನ ಪಾಠ. ಕಣ್ಣಿಲ್ಲದ ನೆನಪು ಒಣಪಟ್ಟಿಯಾಗುತ್ತದೆ. ನೆನಪಿಲ್ಲದ ಕಣ್ಣು ಕಂಡದ್ದನ್ನೆಲ್ಲ ಚೆಲ್ಲಿಬಿಡುತ್ತದೆ. ಎರಡೂ ಕೂಡಿದಾಗ ಮಾತ್ರ ಹೆಸರು ಹೆಸರಾಗುತ್ತದೆ.

ಗೋಪುರದ ಎರಡನೆಯ ಪಾಠ ಮಿತಿಯ ಪಾಠ. ಕಡಲಿಗೆ ಆದಿನುಡಿಯಲ್ಲಿ ಒಂದು ಹೆಸರಿದೆ. ಆದರೆ ಒಳಗಡಲಿಗೆ ಬೇರೆ ಹೆಸರು, ಪ್ರತಿ ಕೊಲ್ಲಿಗೂ ಜಲಸಂಧಿಗೂ ಬೇರೆ ಬೇರೆ ಹೆಸರು. ಇಡೀ ಸಾಗರಕ್ಕೆ ಮಂತ್ರ ಹಾಕಲು ಹೊರಟವನು ಈ ಎಲ್ಲ ಹೆಸರುಗಳನ್ನೂ, ಹೆಸರುಗಳೇ ಮುಗಿಯುವ ದೂರದವರೆಗೆ ಹೇಳಬೇಕಾಗುತ್ತದೆ. ಅದು ಯಾರಿಗೂ ಸಾಧ್ಯವಿಲ್ಲ. ಹೀಗಾಗಿ ಮಾಂತ್ರಿಕನ ಅಧಿಕಾರ ಅವನ ಹತ್ತಿರವಿರುವುದಕ್ಕೆ, ಅವನು ನಿಖರವಾಗಿ ಬಲ್ಲದ್ದಕ್ಕೆ ಮಾತ್ರ ಸೀಮಿತ. ಇದು ಕೊರತೆಯಲ್ಲ, ಲೋಕದ ಪುಣ್ಯ ಎಂದು ನಾಮಗುರು ವಿವರಿಸುತ್ತಾರೆ. ಇಲ್ಲದಿದ್ದರೆ ಬಲಿಷ್ಠರ ಕೇಡೋ ಜಾಣರ ಹುಂಬತನವೋ ಜಗತ್ತಿನ ಸಮತೋಲವನ್ನು ಎಂದೋ ಕೆಡಿಸಿಬಿಡುತ್ತಿತ್ತು. ಮಕ್ಕಳು ಮಂತ್ರದ ಕಥೆಯಲ್ಲಿ ಎಲ್ಲವನ್ನೂ ಗೆಲ್ಲುವ ಶಕ್ತಿಯನ್ನು ಹುಡುಕುತ್ತಾರೆ. ಈ ಕಥೆ ಅವರ ಕೈಗೆ ಕೊಡುವುದು ಶಕ್ತಿಗೆ ಹಾಕಿದ ಬೇಲಿಯನ್ನು.

ಅವಸರದ ಓದು, ತಾಳ್ಮೆಯ ಓದು

ಪಾಠವನ್ನು ಕೇಳುವುದು ಬೇರೆ, ಅದು ರಕ್ತಗತವಾಗುವುದು ಬೇರೆ. ಗೆಡ್ ಬುದ್ಧಿವಂತ, ಛಲಗಾರ, ಗರ್ವಿಷ್ಠ. ಓಗಿಯನ್ನನ ಮನೆಯಲ್ಲಿದ್ದಾಗಲೇ ಹುಡುಗಿಯೊಬ್ಬಳ ಹಂಗಿನ ಮಾತಿಗೆ ಕೆರಳಿ, ಗುರುವಿನ ಪುಸ್ತಕವನ್ನು ಕದ್ದು ತೆರೆದು, ಸತ್ತವರನ್ನು ಕರೆಯುವ ಮಂತ್ರವನ್ನು ಓದಿದವನು ಅವನು. ಕಣ್ಣು ಆ ಪುಟದಿಂದ ಕೀಳಲಾಗದೆ ನಿಂತಾಗ ಬಾಗಿಲ ಬಳಿ ಆಕಾರವಿಲ್ಲದ ಕಪ್ಪೊಂದು ಕಾಣಿಸಿಕೊಂಡಿತ್ತು. ನಾಮಗುರುವಿನ ಬಳಿ ಒಂದು ವರ್ಷ ಕಳೆದು ಮರಳಿದ ಬಳಿಕವೂ ಅವನು ಸಹಪಾಠಿಯೊಬ್ಬನ ಮೇಲಿನ ಹಟಕ್ಕೆ ಬಿದ್ದು ಅದೇ ಬಗೆಯ ಮಂತ್ರವನ್ನು ಪ್ರಯೋಗಿಸುತ್ತಾನೆ. ಕತ್ತಲಿನ ಸೀಳಿನಿಂದ ಒಂದು ನೆರಳು ಹೊರಬಂದು ಅವನನ್ನು ಹರಿಯುತ್ತದೆ. ಅವನನ್ನು ಉಳಿಸಲು ವೃದ್ಧ ಮಹಾಗುರು ತನ್ನ ಪ್ರಾಣವನ್ನೇ ತೆರುತ್ತಾನೆ.

ಇಲ್ಲಿ ಲೇಖಕಿಯ ನಿಷ್ಠುರತೆ ಮೆಚ್ಚತಕ್ಕದ್ದು. ತಪ್ಪು ಮಾಡಿದ ನಾಯಕನನ್ನು ಅವರು ಕ್ಷಣದಲ್ಲಿ ಪಾರುಮಾಡುವುದಿಲ್ಲ. ಅವನ ಮುಖದ ಗಾಯದ ಕಲೆ ಕೊನೆಯವರೆಗೂ ಉಳಿಯುತ್ತದೆ. ಮುಂದೆ ಪೆಂಡೋರ್ ದ್ವೀಪದ ಮುದಿ ಘಟಸರ್ಪದ ಎದುರು ನಿಂತಾಗ ಅವನನ್ನು ಕಾಯುವುದು ಕತ್ತಿಯಲ್ಲ, ತಾಳ್ಮೆಯಿಂದ ಓದಿದ ಹಳೆಯ ವೃತ್ತಾಂತಗಳು. ಅವುಗಳ ಆಧಾರದಿಂದ ಅವನು ಆ ಜೀವಿಯ ಹೆಸರನ್ನು ಊಹಿಸಿದ್ದಾನೆ: ಯೆವೌಡ್. ಕದ್ದು ಓದಿದ ಓದು ನೆರಳನ್ನು ತಂದಿತು, ಕುಳಿತು ಓದಿದ ಓದು ರಕ್ಷೆಯಾಯಿತು. ಆಗ ಘಟಸರ್ಪ ಒಂದು ಆಮಿಷವೊಡ್ಡುತ್ತದೆ: ನಿನ್ನನ್ನು ಬೇಟೆಯಾಡುತ್ತಿರುವ ನೆರಳಿನ ಹೆಸರನ್ನು ನಾನು ತಿಳಿಸಬಲ್ಲೆ. ಗೆಡ್‌ಗೆ ಅದಕ್ಕಿಂತ ಹೆಚ್ಚು ಬೇಕಾದ ವಸ್ತು ಲೋಕದಲ್ಲಿಲ್ಲ. ಆದರೂ ಅವನು ತನ್ನ ಬಿಡುಗಡೆಯನ್ನು ಬದಿಗಿಟ್ಟು, ತನ್ನನ್ನು ನಂಬಿದ ಬಡ ಬೆಸ್ತರ ದ್ವೀಪಗಳ ಕಡೆಗೆ ಎಂದೂ ಹಾರಿಬರಲಾರೆನೆಂಬ ಪ್ರಮಾಣವನ್ನೇ ಕೇಳುತ್ತಾನೆ. ಅವನು ನಿಜವಾಗಿ ಗುರುವಾಗುವುದು ಈ ಗಳಿಗೆಯಲ್ಲಿ. ಬಲ್ಲ ಹೆಸರನ್ನು ಯಾರಿಗಾಗಿ ಬಳಸುತ್ತೇವೆ ಎಂಬುದರ ಮೇಲೆ ವಿದ್ಯೆಯ ಬೆಲೆ ನಿಂತಿದೆ.

ಕಡೆಯಲ್ಲಿ ಅವನು ಓಡುವುದನ್ನು ನಿಲ್ಲಿಸಿ ನೆರಳನ್ನೇ ಬೆನ್ನಟ್ಟುತ್ತಾನೆ. ಭೂಪಟಗಳಾಚೆಯ ಕಡಲಿನಲ್ಲಿ ಮುಖಾಮುಖಿಯಾದಾಗ ಅವನು ನೆರಳನ್ನು ತನ್ನದೇ ಹೆಸರಿನಿಂದ ಕರೆಯುತ್ತಾನೆ. ನೆರಳೂ ಅದೇ ಕ್ಷಣ ಅದೇ ಹೆಸರನ್ನು ನುಡಿಯುತ್ತದೆ. ಹುಡುಕುತ್ತಿದ್ದ ಹೆಸರು ಹೊಳೆಯ ದಡದಲ್ಲಿ ಓಗಿಯನ್ ಕೊಟ್ಟ ದಿನದಿಂದಲೂ ಅವನಲ್ಲಿಯೇ ಇತ್ತು. ತನ್ನ ಕೇಡನ್ನು ತನ್ನದೆಂದು ಹೆಸರಿಟ್ಟು ಒಪ್ಪಿಕೊಂಡವನು ಅಖಂಡನಾದ. ಆತ್ಮಶೋಧನೆಯ ಅಭ್ಯಾಸವುಳ್ಳ ಯಾವ ಓದುಗನಿಗೂ ಈ ಸತ್ಯ ಅಪರಿಚಿತವಲ್ಲ.

ಕಸಿದ ಹೆಸರು, ಮಾರಿದ ಹೆಸರು

ಮುಂದಿನ ಎರಡು ಕಾದಂಬರಿಗಳಲ್ಲಿ ಲೇಖಕಿ ಇದೇ ವಿಷಯವನ್ನು ಬೇರೆ ಬೆಳಕಿನಲ್ಲಿ ಪರೀಕ್ಷಿಸುತ್ತಾರೆ. 'ದ ಟೂಂಬ್ಸ್ ಆಫ್ ಅತುವಾನ್'ನಲ್ಲಿ ಟೆನಾರ್ ಎಂಬ ಹುಡುಗಿಯನ್ನು ಎಳೆಯ ವಯಸ್ಸಿನಲ್ಲಿಯೇ ಮನೆಯಿಂದ ಕೊಂಡೊಯ್ದು, ಕತ್ತಲ ಶಕ್ತಿಗಳ ಅರ್ಚಕಿಯನ್ನಾಗಿಸಿ, ಆರನೆಯ ವಯಸ್ಸಿನಲ್ಲಿ ಅವಳ ಹೆಸರನ್ನು ಕಿತ್ತುಕೊಳ್ಳುತ್ತಾರೆ. ಆ ಬಳಿಕ ಅವಳು ಅರ್ಹಾ, ಎಂದರೆ ಕಬಳಿಸಲ್ಪಟ್ಟವಳು. ಅವಳ ನೆಲಮಾಳಿಗೆಯಲ್ಲಿ ಸಿಕ್ಕಿಬಿದ್ದ ಗೆಡ್ ಅವಳನ್ನು ಮೂಲ ಹೆಸರಿನಿಂದ ಕರೆಯುತ್ತಾನೆ. ಬಿಡುಗಡೆ ಆ ಒಂದು ಕರೆಯಿಂದ ಆರಂಭವಾಗುತ್ತದೆ. ಗೆಡ್ ಅಲ್ಲಿಗೆ ಹುಡುಕಿ ಬಂದುದೂ ಒಂದು ಬರಹವನ್ನೇ. ಎರೆತ್-ಅಕ್ಬೆಯ ಬಳೆಯ ಮೇಲೆ ಒಂಬತ್ತು ಲಿಪಿಚಿಹ್ನೆಗಳನ್ನು ಕೊರೆಯಲಾಗಿತ್ತು. ಬಳೆ ಎರಡು ತುಂಡಾದಾಗ ಅವುಗಳಲ್ಲೊಂದು ನಡುವೆ ಸೀಳಿಹೋಯಿತು. ಬೆಸುಗೆಯ ಆ ಚಿಹ್ನೆ ಕಳೆದುಹೋದಂದಿನಿಂದ ದ್ವೀಪಗಳಿಗೆ ಶಾಂತಿಯಿಂದ ಆಳುವ ಅರಸನಿಲ್ಲ. ತುಂಡುಗಳು ಒಂದಾದಾಗ ಅಕ್ಷರವೂ ಒಂದಾಗುತ್ತದೆ.

1973ರಲ್ಲಿ ಅಮೆರಿಕದ ನ್ಯಾಷನಲ್ ಬುಕ್ ಅವಾರ್ಡ್ ಪಡೆದ 'ದ ಫಾರ್ದೆಸ್ಟ್ ಶೋರ್' ಇನ್ನೂ ಕರಾಳವಾದುದು. ಸಾವಿಲ್ಲದ ಬದುಕಿನ ಆಸೆಗೆ ಬಿದ್ದು ಜನರು ತಮ್ಮ ನಿಜನಾಮಗಳನ್ನೇ ಕೊಟ್ಟುಬಿಡುತ್ತಾರೆ. ಮಾಂತ್ರಿಕರಿಗೆ ಮಂತ್ರ ಮರೆಯುತ್ತದೆ, ಬಣ್ಣ ಹಾಕುವವರಿಗೆ ಬಣ್ಣದ ಹದ ತಪ್ಪುತ್ತದೆ, ಹಬ್ಬದ ರಾತ್ರಿ ಗಾಯಕರು ಹಾಡಿನ ನಡುವೆಯೇ ನಿಂತುಬಿಡುತ್ತಾರೆ. ನಾಮಗುರುವಿನ ಶಾಯಿ ಅಳಿದರೂ ಹೆಸರು ಎದೆಯಲ್ಲಿ ಉಳಿಯುತ್ತಿತ್ತು. ಇಲ್ಲಿ ಎದೆಯೇ ಬರಿದಾಗಿದೆ. ಎರಡು ಅಳಿಸುವಿಕೆಗಳ ನಡುವಣ ಈ ಅಂತರವನ್ನು ಗಮನಿಸಬೇಕು. ಮೊದಲನೆಯದು ಕೊಡುವುದರಿಂದ ಆದ ಬರಿದು, ಎರಡನೆಯದು ದೋಚುವುದರಿಂದ ಆದ ಬರಿದು.

ಗೋಪುರದ ಮುಚ್ಚಿದ ಬಾಗಿಲು

ಇಷ್ಟು ಮೆಚ್ಚಿದ ಮೇಲೆ ಒಂದು ಕೊರತೆಯನ್ನೂ ಎತ್ತಿ ಹೇಳಬೇಕು. ಏಕಾಂತ ಗೋಪುರದಲ್ಲಿ ಕುಳಿತ ಎಂಟು ಮಂದಿಯೂ ಹುಡುಗರು. ರೋಕ್‌ನ ಗುರುಗಳೆಲ್ಲ ಗಂಡಸರು. ಹೆಂಗಸರ ಮಂತ್ರವಿದ್ಯೆ ದುರ್ಬಲ, ದುಷ್ಟ ಎಂಬರ್ಥದ ಗಾದೆಗಳನ್ನು ಮೊದಲ ಕಾದಂಬರಿ ಯಾವ ಅಳುಕೂ ಇಲ್ಲದೆ ಉಲ್ಲೇಖಿಸುತ್ತದೆ. ಎಲ್ಲದರ ಹೆಸರನ್ನೂ ಬಲ್ಲ ಶಾಲೆಗೆ ಮನೆಯಲ್ಲಿ ಒಲೆ ಹಚ್ಚಿ ಮಕ್ಕಳನ್ನು ಸಲಹುವವಳ ಇರವು ಕಾಣಿಸಲೇ ಇಲ್ಲ!

ಲೆ ಗ್ವಿನ್ ಅವರ ಹಿರಿಮೆಯೆಂದರೆ ಈ ಪ್ರಶ್ನೆಯನ್ನು ಅವರೇ ಎತ್ತಿಕೊಂಡು, 'ತೆಹಾನು' ಕಾದಂಬರಿಯಲ್ಲಿ ತಮ್ಮ ಲೋಕವನ್ನೇ ಕಟಕಟೆಗೆ ಕರೆದದ್ದು. ಅಲ್ಲಿ ಟೆನಾರ್ ಒಬ್ಬ ರೈತನ ವಿಧವೆ. ಗೆಡ್ ತನ್ನ ಶಕ್ತಿಯನ್ನೆಲ್ಲ ವ್ಯಯಿಸಿ ಸಾಮಾನ್ಯ ಮನುಷ್ಯನಾಗಿದ್ದಾನೆ. ಕಥೆಯ ನಡುವೆ ನಿಂತಿರುವುದು ಸ್ವಂತದವರೇ ಹಿಂಸಿಸಿ ಬೆಂಕಿಗೆ ನೂಕಿದ ಒಂದು ಹೆಣ್ಣುಮಗು. ಆ ಮಗುವಿನ ನಿಜನಾಮ ಯಾವ ಗುರುವಿನ ಪಟ್ಟಿಯಲ್ಲಿಯೂ ಇಲ್ಲ. ಅದನ್ನು ಕೊನೆಗೆ ನುಡಿಯುವುದು ಆಕಾಶದಿಂದ ಇಳಿದುಬಂದ ಘಟಸರ್ಪ. ಕಾದಂಬರಿಯಾಗಿ 'ತೆಹಾನು' ಮೊದಲಿನವುಗಳಷ್ಟು ಬಿಗಿಯಾಗಿಲ್ಲ. ಅದರ ದುಷ್ಟ ಮಾಂತ್ರಿಕ ಕೇವಲ ದ್ವೇಷದ ಗೊಂಬೆಯಂತೆ ಕಾಣುತ್ತಾನೆ. ಆದರೂ ಅದು ಮೊದಲ ಪುಸ್ತಕವನ್ನು ಪೂರ್ಣಗೊಳಿಸುತ್ತದೆ ಎಂಬುದು ನಮ್ಮ ಅಭಿಪ್ರಾಯ. ಪಟ್ಟಿ ಮುಗಿದಿಲ್ಲ ಎಂದು ನಾಮಗುರು ಅಂದೇ ಹೇಳಿದ್ದರಲ್ಲವೇ? ಮುಗಿಯದ ಪಟ್ಟಿಯಲ್ಲಿ ಬಿಟ್ಟುಹೋದವರು ಯಾರು ಎಂದು ಕೇಳಿಕೊಳ್ಳುವುದು ಲಿಪಿಕಾರನ ಕರ್ತವ್ಯದ ಭಾಗವೇ.

ಇದಕ್ಕೂ ಮುನ್ನ, 1985ರಲ್ಲಿ, ಅವರು 'ಶಿ ಅನ್‌ನೇಮ್ಸ್ ದೆಮ್' ಎಂಬ ಪುಟ್ಟ ಕಥೆಯನ್ನು ಪ್ರಕಟಿಸಿದ್ದರು. ಆದಿಕಾಂಡದ ಎರಡನೆಯ ಅಧ್ಯಾಯದಲ್ಲಿ ಆದಾಮನು ಪ್ರಾಣಿಪಕ್ಷಿಗಳಿಗೆ ಹೆಸರಿಟ್ಟ ವೃತ್ತಾಂತವನ್ನು ನಾವೆಲ್ಲ ಬಲ್ಲೆವು. ಈ ಕಥೆಯಲ್ಲಿ ಅವನ ಸಂಗಾತಿ ಆ ಹೆಸರುಗಳನ್ನೆಲ್ಲ ಹಿಂದಕ್ಕೆ ಪಡೆಯುತ್ತಾಳೆ. ಹೆಸರಿನ ತೆರೆ ಸರಿದಾಗ ಜೀವಿಗಳು ಅವಳಿಗೆ ಮೊದಲಿಗಿಂತ ಹತ್ತಿರವಾಗುತ್ತವೆ. ಕಡೆಗೆ ತನ್ನ ಹೆಸರನ್ನೂ ಅವನಿಗೆ ಮರಳಿಸಲು ಹೋದರೆ ಅವನು ಬೇರಾವುದೋ ಕೆಲಸದಲ್ಲಿ ಮುಳುಗಿ ಸರಿಯಾಗಿ ಕೇಳಿಸಿಕೊಳ್ಳುವುದೂ ಇಲ್ಲ. ಭಕ್ತಿಯುಳ್ಳ ಓದುಗರಿಗೆ ಇದು ಮೊದಲ ನೋಟಕ್ಕೆ ಕುಚೋದ್ಯವೆನಿಸಬಹುದು. ಆದರೆ ಆದಿಕಾಂಡವನ್ನು ನಿಧಾನವಾಗಿ ಓದಿದರೆ ಅಲ್ಲಿಯೂ ಹೆಸರಿಡುವುದಕ್ಕೆ ಮೊದಲು ದೇವರು ಪ್ರತಿಯೊಂದು ಜೀವಿಯನ್ನೂ ಮನುಷ್ಯನ ಎದುರಿಗೆ ತಂದು ನಿಲ್ಲಿಸುತ್ತಾರೆ. ಮೊದಲು ಎದುರುಗೊಳ್ಳುವುದು, ಆಮೇಲೆ ಹೆಸರು. ಎದುರುಗೊಳ್ಳುವುದನ್ನು ಮರೆತು ಹೆಸರನ್ನಷ್ಟೇ ಇಟ್ಟುಕೊಂಡಾಗ ಅದು ಕಟ್ಟಿಹಾಕುವ ಹಗ್ಗವಾಗುತ್ತದೆ. ಲೇಖಕಿ ಬಿಚ್ಚುತ್ತಿರುವುದು ಆ ಹಗ್ಗವನ್ನು.

ಹೆಸರು ಹೇಳದೆ ಹೋದ ಮನುಷ್ಯ

ಈ ಕಾಳಜಿಗೆ ಲೇಖಕಿಯ ಮನೆಯ ಇತಿಹಾಸದಲ್ಲಿಯೂ ಒಂದು ಹಿನ್ನೆಲೆಯಿದೆ. 1911ರಲ್ಲಿ ಕ್ಯಾಲಿಫೋರ್ನಿಯಾದ ಓರೊವಿಲ್ ಊರಿನ ಬಳಿ ಹಸಿದು ಬಳಲಿದ ಒಬ್ಬ ಮನುಷ್ಯ ಕಾಣಿಸಿಕೊಂಡನು. ಬಿಳಿಯರ ಹತ್ಯಾಕಾಂಡಗಳಿಂದ ನಿರ್ನಾಮವಾದ ಯಾಹಿ ಜನರಲ್ಲಿ ಕೊನೆಯವನೆಂದು ಅವನನ್ನು ಗುರುತಿಸಲಾಯಿತು. ಲೆ ಗ್ವಿನ್ ಅವರ ತಂದೆ ಮತ್ತು ಅವರ ಸಹೋದ್ಯೋಗಿಗಳು ಅವನನ್ನು ಸ್ಯಾನ್ ಫ್ರಾನ್ಸಿಸ್ಕೊದ ವಸ್ತುಸಂಗ್ರಹಾಲಯಕ್ಕೆ ಕರೆತಂದರು. ಅವನು ತನ್ನ ಹೆಸರನ್ನು ಯಾರಿಗೂ ಹೇಳಲಿಲ್ಲ. ಅವನ ಭಾಷೆಯಲ್ಲಿ 'ಮನುಷ್ಯ' ಎಂಬ ಅರ್ಥವುಳ್ಳ 'ಇಶಿ' ಎಂಬ ಪದದಿಂದ ಅವನನ್ನು ಕರೆದರು. 1916ರಲ್ಲಿ ಕ್ಷಯರೋಗದಿಂದ ತೀರಿಕೊಂಡಾಗ ಅವನ ನಿಜವಾದ ಹೆಸರು ಅವನೊಡನೆಯೇ ಹೋಯಿತು. ಅವನ ಕಥೆಯನ್ನು ತಾಯಿ ಥಿಯೊಡೋರಾ 1961ರಲ್ಲಿ ಪುಸ್ತಕವಾಗಿ ಬರೆದರು. ಆ ಪುಸ್ತಕದ ಮೂರನೆಯ ವರ್ಷಕ್ಕೆ ಮಗಳು ನಿಜನಾಮಗಳ ಲೋಕವನ್ನು ಕಟ್ಟತೊಡಗಿದರು. ಒಂದು ಇನ್ನೊಂದರ ಕಾರಣವೆಂದು ಹೇಳಹೊರಡುವುದು ಬೇಡ. ಆದರೆ ನಿಜನಾಮವನ್ನು ಬಚ್ಚಿಟ್ಟುಕೊಳ್ಳುವ ಹಕ್ಕಿನ ಕುರಿತು ಓದುವಾಗ ಇಶಿ ನೆನಪಾಗದಿರುವುದು ಕಷ್ಟ. 2021ರ ಜನವರಿಯಲ್ಲಿ ಬರ್ಕ್ಲಿ ವಿಶ್ವವಿದ್ಯಾಲಯವು ಕಟ್ಟಡವೊಂದಕ್ಕಿದ್ದ ಕ್ರೋಬರ್ ಎಂಬ ಹೆಸರನ್ನು ತೆಗೆದುಹಾಕಿತು. ಮೂಲನಿವಾಸಿಗಳ ನೋವನ್ನು ಲೆಕ್ಕಕ್ಕೆ ತೆಗೆದುಕೊಂಡ ತೀರ್ಮಾನವದು. ಹೆಸರಿಡುವುದೂ ತೆಗೆಯುವುದೂ ಕಲ್ಪನಾಲೋಕದ ಆಟಗಳಷ್ಟೇ ಅಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೇ?

ಲೇಖಕಿಯ ಪಾತ್ರಗಳ ಹೆಸರಿಗೂ ಬಣ್ಣಕ್ಕೂ ಇದೇ ಗತಿ ಬಂದಿತು. ಗೆಡ್‌ನದು ತಾಮ್ರದಂತಹ ಕೆಂಗಂದು ಮೈಬಣ್ಣ, ಅವನ ಪ್ರಾಣಸ್ನೇಹಿತನದು ಕಪ್ಪು. ಬಿಳಿಯರೇ ನಾಯಕರಾಗುತ್ತಿದ್ದ ಕಾಲದಲ್ಲಿ ಲೆ ಗ್ವಿನ್ ಬೇಕೆಂದೇ ಹಾಗೆ ಬರೆದರು. 2004ರಲ್ಲಿ ಅಮೆರಿಕದಲ್ಲಿ ಬಂದ ಕಿರುತೆರೆ ರೂಪದಲ್ಲಿ ಗೆಡ್ ಬಿಳಿಯನಾದನು. ಅಷ್ಟೇ ಅಲ್ಲ, ಅವನ ನಿಜನಾಮವೂ ಬಳಕೆಯ ಹೆಸರೂ ಅದಲುಬದಲಾದವು. ಲೇಖಕಿ ಇದನ್ನು ಬಹಿರಂಗವಾಗಿ ಖಂಡಿಸಿದರು.

ನಮ್ಮ ಮನೆಗಳಿಗೆ

ಹಾಗಾದರೆ ಈ ಪುಸ್ತಕವನ್ನು ಮಕ್ಕಳ ಕೈಗೆ ಕೊಡಬಹುದೇ? ಮೊದಲ ಕಾದಂಬರಿಯನ್ನು ಹನ್ನೊಂದು ಹನ್ನೆರಡು ವರ್ಷ ದಾಟಿದ, ಇಂಗ್ಲಿಷ್ ಓದಬಲ್ಲ ಮಕ್ಕಳಿಗೆ ಧೈರ್ಯವಾಗಿ ಕೊಡಬಹುದು. ಮಕ್ಕಳೊಡನೆ ಹೆತ್ತವರೂ ಓದಿದರೆ ಇನ್ನೂ ಒಳಿತು. 'ತೆಹಾನು' ಮಾತ್ರ ದೊಡ್ಡವರಿಗೆ ಇರಲಿ. ಮಗುವಿನ ಮೇಲಿನ ಹಿಂಸೆಯ ವಿಷಯ ಅದರಲ್ಲಿದೆ. ಮಂತ್ರವಿದ್ಯೆಗೆ ಮರುಳಾಗುವ ಅಪಾಯಕ್ಕಿಂತ, ಶಕ್ತಿಯ ಮೋಹದಿಂದ ಏನಾಗುತ್ತದೆ ಎಂಬ ಎಚ್ಚರವೇ ಈ ಪುಸ್ತಕಗಳಿಂದ ಮಕ್ಕಳಿಗೆ ಹೆಚ್ಚಾಗಿ ದಕ್ಕುತ್ತದೆ.

ದೊಡ್ಡವರಿಗೂ ಇಲ್ಲಿ ಪಾಠವಿದೆ. ನಾವು ದಿನವೂ ಹೆಸರಿಡುವವರೇ. ಮಗುವೊಂದನ್ನು ದಡ್ಡ, ಸೋಮಾರಿ, ಹಟಮಾರಿ ಎಂದು ಕರೆದಾಗ ಅಳಿಸಲಾಗದ ಶಾಯಿಯಲ್ಲಿ ಬರೆದುಬಿಡುತ್ತೇವೆ. ನೆರೆಯವನನ್ನು ಅವನ ಕಸುಬಿನಿಂದಲೋ ಕುಲದಿಂದಲೋ ಅಂಗವೈಕಲ್ಯದಿಂದಲೋ ಗುರುತಿಸಿ ಅವನ ಹೆಸರನ್ನೇ ಮರೆಯುತ್ತೇವೆ. ಮನೆಕೆಲಸಕ್ಕೆ ಬರುವವಳನ್ನು ಎಷ್ಟೋ ವರ್ಷ 'ಕೆಲಸದವಳು' ಎಂದೇ ಕರೆಯುತ್ತೇವೆ. ಓಗಿಯನ್ ಹೇಳುವಂತೆ ಇದು ಉಪಯೋಗದ ಹೆಸರು, ಇರವಿನ ಹೆಸರಲ್ಲ. ಅವಳ ಊರು, ಅವಳ ಮಕ್ಕಳು, ಅವಳ ದಣಿವು ತಿಳಿದ ದಿನ ಅವಳ ಹೆಸರು ನಮ್ಮ ಬಾಯಿಗೆ ತಾನಾಗಿಯೇ ಬರುತ್ತದೆ.

ಎಲ್ಲವನ್ನೂ ಯಂತ್ರದಲ್ಲಿ ಕೂಡಿಡುವ ಕಾಲವಿದು. ದೂರವಾಣಿ ಸಂಖ್ಯೆಯಿಂದ ಹಿಡಿದು ಹುಟ್ಟಿದ ದಿನದವರೆಗೆ ಯಾವುದನ್ನೂ ನೆನಪಿಡಬೇಕಾಗಿಲ್ಲ. ಅಂತಹ ಉಗ್ರಾಣಗಳು ಬೇಕು, ನಿಜ. ಆದರೆ ಉಗ್ರಾಣದಲ್ಲಿರುವುದೆಲ್ಲ ನಮ್ಮದಾಗುವುದಿಲ್ಲ. ಒಬ್ಬರಿಗಾಗಿ ಪ್ರಾರ್ಥಿಸುವಾಗ, ಒಬ್ಬರ ಸಾವಿನಲ್ಲಿ ಸಾಂತ್ವನ ಹೇಳುವಾಗ, ಒಂದು ಮಗುವನ್ನು ಮಲಗಿಸುವಾಗ ಕೆಲಸಕ್ಕೆ ಬರುವುದು ಎದೆಯಲ್ಲಿ ಉಳಿದ ಹೆಸರುಗಳು, ಎದೆಯಲ್ಲಿ ಉಳಿದ ಮಾತುಗಳು. ತಾಯಂದಿರು, ಶಿಕ್ಷಕರು, ಧರ್ಮೋಪದೇಶದ ತರಗತಿ ನಡೆಸುವವರು ಮಾಡುವ ಕೆಲಸವೂ ಒಂದರ್ಥದಲ್ಲಿ ನಾಮಗುರುವಿನದೇ. ಅವರು ಬರೆದ ಕಪ್ಪುಹಲಗೆ ಸಂಜೆಗೆ ಅಳಿಸಿಹೋಗುತ್ತದೆ, ಆಡಿದ ಮಾತು ಗಾಳಿಯಲ್ಲಿ ಕರಗುತ್ತದೆ. ಮರುದಿನ ಮತ್ತೆ ಮೊದಲಿನಿಂದ ಬರೆಯಬೇಕು. ಅವರ ಬರಹ ಎಲ್ಲಿ ಉಳಿದಿದೆಯೆಂದು ಹಾಳೆಗಳಲ್ಲಿ ಹುಡುಕಿದರೆ ಸಿಗುವುದಿಲ್ಲ. ಅದನ್ನು ಅವರು ಕಲಿಸಿದ ಮಕ್ಕಳ ಬಾಳಿನಲ್ಲಿ ಹುಡುಕಬೇಕು.